ಏಳು ಬೀಜದ ಬಾದಾಮಿ

ಮಾರ್ಚ್ 6, 2017, ಸೋಮವಾರ. ಕಾಶ್ಗರ್

ಇವತ್ತು ನನಗೆ ಶಿರಸ್ತ್ರಾಣ ಕೊಟ್ಟರು. ಇಪ್ಪತ್ತೊಂಬತ್ತು ವರ್ಷ ಉಯ್ಘರ್ ಭಾಷೆ ಕಲಿಸಿದ ಶಾಲೆಯಲ್ಲಿ ಆ ಭಾಷೆಯ ಪೀರಿಯಡ್ಡೇ ಇಲ್ಲವಾದ ಮೇಲೆ ನನ್ನನ್ನು ಗೇಟು ಕಾಯಲು ಹಾಕಿದ್ದರಲ್ಲ, ಅದರ ಮುಂದಿನ ಬಡ್ತಿ ಇದು. ಒಂದು ದೊಣ್ಣೆ, ಒಂದು ಗುರಾಣಿ, ಒಂದು ಶಿರಸ್ತ್ರಾಣ. ದೊಣ್ಣೆ ಊರಿಕೊಳ್ಳಲು ಆಯಿತು, ಗುರಾಣಿ ಚಹಾದ ಬಟ್ಟಲು ಇಡಲು ಆಯಿತು. ಶಿರಸ್ತ್ರಾಣ ಮಾತ್ರ ಕಿವಿಯ ಮೇಲೆ ಬಂದು ನಿಂತುಬಿಟ್ಟಿತು. ಸ್ಟೋರಿನವನು ಮೂರು ಅಳತೆ ಹಾಕಿ ನೋಡಿ ಕೈಚೆಲ್ಲಿದ.

"ಮೇಷ್ಟ್ರೇ, ನಿಮ್ಮ ತಲೆಗೆ ಸರ್ಕಾರದ ಹತ್ರ ಅಳತೆ ಇಲ್ಲ."

ಇಷ್ಟು ದೊಡ್ಡ ಪ್ರಶಂಸೆ ನನಗೆ ಉರುಮ್ಚಿಯ ವಿಶ್ವವಿದ್ಯಾಲಯದಲ್ಲೂ ಸಿಕ್ಕಿರಲಿಲ್ಲ.

ಸಂಜೆ ಓಣಿಯ ಸಮಿತಿಯಲ್ಲಿ ಆದೇಶ ಓದಿದರು. ನಮ್ಮ ಲಿಪಿಯಲ್ಲಿರುವ ಪುಸ್ತಕ, ಹಸ್ತಪ್ರತಿ, ಕ್ಯಾಸೆಟ್ಟು ಎಲ್ಲವನ್ನೂ ಏಪ್ರಿಲ್ ಇಪ್ಪತ್ತರೊಳಗೆ ಒಪ್ಪಿಸಬೇಕು. ಪರಿಶೀಲಿಸಿ, ಯೋಗ್ಯವಾದದ್ದನ್ನು ಹಿಂದಿರುಗಿಸುತ್ತಾರಂತೆ. ಈ ಡೈರಿಯೂ ಅದೇ ಲಿಪಿಯಲ್ಲಿದೆ. ಆದರೆ ಆದೇಶದಲ್ಲಿ ಡೈರಿ ಎಂಬ ಶಬ್ದವಿಲ್ಲ. ಆದ್ದರಿಂದ ಹಿಟ್ಟಿನ ಡಬ್ಬಿಯ ತಳದಲ್ಲಿರುವ ಇದೂ ಒಂದು ಬಗೆಯ ಹಿಟ್ಟೇ ಎಂಬುದು ನನ್ನ ಕಾನೂನು ವ್ಯಾಖ್ಯಾನ.

ನನ್ನ ಚಿಂತೆ ಐದು ನೋಟ್‌ಬುಕ್ಕುಗಳದ್ದು. ಮೂವತ್ತೊಂದು ವರ್ಷ ರಜೆ ಸಿಕ್ಕಾಗಲೆಲ್ಲ ಹಳ್ಳಿ ಸುತ್ತಿ ಟೋಪಿ ಕಸೂತಿಯ ಇನ್ನೂರ ಹನ್ನೆರಡು ಮಾದರಿ ಕಲೆಹಾಕಿದ್ದೇನೆ. ಗುಬ್ಬಿಯ ನಾಲಿಗೆ, ಅತ್ತೆಯ ಹುಬ್ಬು, ಕತ್ತೆ ತುಳಿದ ಹಾದಿ. ಯಾವ ಹಳ್ಳಿಯ ಯಾವ ಹೆಂಗಸು ಹೇಳಿದಳು, ಎಷ್ಟು ಎಳೆ ಎಣಿಸಿ ಸೂಜಿ ಹಾಕಿದಳು, ಎಲ್ಲ ಅದರಲ್ಲಿದೆ. ಜೊತೆಗೆ ಒಂದೊಂದು ಮಾದರಿಗೂ ನನ್ನದೊಂದು ವಿದ್ವತ್ಪೂರ್ಣ ಟಿಪ್ಪಣಿ. ಐದಕ್ಕೂ ಮೊದಲ ಪುಟದಲ್ಲಿ ಬಳ್ಳಿ ಬಿಡಿಸಿ 'ಓಬುಲ್ ನಿಯಾಜ್ ವಿರಚಿತ' ಎಂದು ಬರೆದಿದ್ದೇನೆ. ಮೂರು ಪ್ರಕಾಶಕರು ಮೂರು ಸಲ ಈ ಪುಸ್ತಕ ತರುತ್ತೇವೆಂದು ಮಾತುಕೊಟ್ಟರು. ಟೋಪಿಯ ಪುಸ್ತಕಕ್ಕೇ ಟೋಪಿ ಹಾಕಿದರು.

ಕೊಟ್ಟು ರಸೀದಿ ಪಡೆಯುವುದೇ ಸರಿ ಎಂದು ಹನಿಪಾಗೆ ಹೇಳಿದೆ. ರಸೀದಿ ಇದ್ದರೆ ನಾಳೆ ಕೇಳಬಹುದು.

"ರಸೀದಿ ಇಟ್ಕೊಂಡು ಏನ್ ಮಾಡ್ತೀರಿ, ಚಹಾದಲ್ಲಿ ಅದ್ದಿ ತಿಂತೀರಾ?" ಎಂದಳು ನನ್ನ ಹೆಂಡತಿ, ತಲೆ ಎತ್ತದೆ.

ಅವಳಿಗೆ ಪುರುಸೊತ್ತಿಲ್ಲ. ಮೇ ಒಂದರ ಪರಂಪರೆ ಉತ್ಸವಕ್ಕೆ ನಲವತ್ತು ಟೋಪಿ ಬೇಕೆಂದು ಸಂಸ್ಕೃತಿ ಕಚೇರಿಯಿಂದ ಆರ್ಡರು ಬಂದಿದೆ. ಕಸೂತಿಯ ಹೂ ತೆಗೆಯುವವರು ಓಣಿಯ ಹೆಂಗಸರು. ಬತ್ತಿ ತುಂಬಿ, ಗಂಜಿ ಹಾಕಿ, ನಾಲ್ಕು ಮೂಲೆ ಕೂಡಿಸುವವಳು ಇವಳು. ಮಖಮಲ್ಲಿಗೂ ಒಳಬಟ್ಟೆಗೂ ನಡುವೆ ಒತ್ತೊತ್ತಾಗಿ ಸಾಲು ಹೊಲಿದಿರುತ್ತಾರೆ. ಒಂದೊಂದು ಸಾಲಿನೊಳಕ್ಕೂ ಹಸಿ ಕಾಗದದ ಬತ್ತಿಯನ್ನು ದಬ್ಬಣದಿಂದ ನೂಕಿದರೆ ಟೋಪಿ ಬೆನ್ನು ನೆಟ್ಟಗೆ ಮಾಡಿ ನಿಲ್ಲುತ್ತದೆ. ಒಂದು ಟೋಪಿಗೆ ನೂರಕ್ಕೂ ಮೇಲೆ ಬತ್ತಿ. ಹಾಗಾಗಿ ನಮ್ಮ ಮನೆಯಲ್ಲಿ ಕಾಗದ ಎಂದೂ ಉಳಿಯುವುದಿಲ್ಲ. ನನ್ನ ನೇಮಕಾತಿ ಪತ್ರವೂ ಯಾರದೋ ನೆತ್ತಿಯ ಮೇಲಿದೆ.

ಮಾರ್ಚ್ 9, ಗುರುವಾರ

ಯಾಕುಪ್ ಬಂದಿದ್ದ. ಸಮಿತಿಯ ಪಟ್ಟಿ ಬರೆಯುವವನು, ನನ್ನ ಹಳೆಯ ವಿದ್ಯಾರ್ಥಿ. ಪ್ರಬಂಧದಲ್ಲಿ ಎರಡು ಸಲ ಫೇಲು ಮಾಡಿದ್ದೆ. ಈಗ ನನ್ನ ಬರಹ ಯೋಗ್ಯವೋ ಅಲ್ಲವೋ ಎಂದು ಅವನು ನೋಡಬೇಕು. ಇದಕ್ಕಿಂತ ಪೂರ್ಣವಾದ ಸೇಡು ನಾನು ಓದಿದ ಯಾವ ಕಾವ್ಯದಲ್ಲೂ ಇಲ್ಲ.

ಪಾಪ, ಮರ್ಯಾದೆಯಿಂದಲೇ ಕೂತ. ನಾನ್ ರೊಟ್ಟಿ ಮುರಿದು ಮುಂದಿಟ್ಟೆ. ನೋಟ್‌ಬುಕ್ಕು ತಿರುವಿ ಹಾಕುತ್ತ, "ಅಬ್ಬಾ, ಎಷ್ಟು ಕೆಲಸ ಮಾಡಿದ್ದೀರಿ ಮೇಷ್ಟ್ರೇ" ಎಂದ. ನನ್ನ ಎದೆ ಉಬ್ಬಿತು.

"ಇಲ್ಲಿ ಪ್ರತಿಯೊಂದರ ಕೆಳಗೂ ಹೆಸರು, ಹಳ್ಳಿ ಎಲ್ಲ ಇದೆಯಲ್ಲ."

"ಆಧಾರ ಇಲ್ಲದೆ ಬರೆಯೋನಲ್ಲ ನಾನು."

"ಬಹಳ ಅನುಕೂಲ ಆಯ್ತು" ಎಂದ ಯಾಕುಪ್. "ಈ ಹೆಂಗಸರ ಪಟ್ಟಿ ಮೇಲಿನವರಿಗೆ ಬೇಕಾಗುತ್ತೆ. ಯಾರು ಯಾರಿಗೆ ಹೇಳಿಕೊಟ್ಟರು, ಯಾರ ಮನೇಲಿ ಸೇರ್ತಿದ್ರು ಅಂತ."

ಅಧ್ಯಯನಕ್ಕೆ ಇರಬೇಕು ಎಂದುಕೊಂಡೆ. ಐದು ನೋಟ್‌ಬುಕ್ಕು ಎಂದು ಅವನ ಪಟ್ಟಿಯಲ್ಲಿ ಬರೆದುಕೊಂಡು ಹೋದ. ಹನಿಪಾ ಒಲೆಯ ಮುಂದೆ ನೂಡಲ್ಸ್ ಎಳೆಯುತ್ತಿದ್ದವಳು, ಎಳೆ ತುಂಡಾದರೂ ಗಮನಿಸದೆ ಎಳೆಯುತ್ತಲೇ ಇದ್ದಳು.

ಮಾರ್ಚ್ 10, ಶುಕ್ರವಾರ

ಮೊದಲ ನೋಟ್‌ಬುಕ್ಕನ್ನು ಕತ್ತರಿಸಿದ್ದಾಳೆ.

ಗೇಟಿನಿಂದ ಬಂದು ನೋಡುತ್ತೇನೆ, ರಟ್ಟು ಒಂದು ಕಡೆ, ಅವಳ ಮಡಿಲಲ್ಲಿ ಬೆರಳಗಲದ ಪಟ್ಟಿಗಳ ರಾಶಿ. ಯಾರ್ಕಂದಿನ ಬೂವಿ ಅಜ್ಜಿ ಕಣ್ಣು ಕಾಣದಿದ್ದರೂ ಬೆರಳಲ್ಲಿ ಎಣಿಸಿ ಹೇಳಿದ ಹದಿನಾಲ್ಕು ಮಾದರಿ ಅದರಲ್ಲಿದ್ದವು. ಹೊಸೆದು, ಗಂಜಿಯಲ್ಲಿ ಅದ್ದಿ, ಸರ್ಕಾರದ ಟೋಪಿಗೆ ತುಂಬಿದ್ದಾಳೆ. ಸರ್ಕಾರ ಏಪ್ರಿಲ್ ಇಪ್ಪತ್ತರವರೆಗೆ ಸಮಯ ಕೊಟ್ಟಿತ್ತು, ನನ್ನ ಹೆಂಡತಿ ಅದನ್ನೂ ಕೊಡಲಿಲ್ಲ.

ನಾನು ಕೂಗಾಡಿದೆ. ಬರೆಯಬಾರದಂಥ ಮಾತೂ ಆಡಿದೆ. ಓದು ಬಾರದವರ ಕೈಗೆ ಕತ್ತರಿ ಕೊಡಬಾರದು ಎಂದೆ. ಅವಳಿಗೆ ಓದು ಬರುತ್ತದೆ. ಕಲಿಸಿದವನು ನಾನೇ.

ಮಾರ್ಚ್ 11

ಮಾತಿಲ್ಲ. ನಮ್ಮ ಉಪ್ಪು ಚಹಾಕ್ಕೆ ಉಪ್ಪೂ ಇಲ್ಲ.

ಮಾರ್ಚ್ 14, ಮಂಗಳವಾರ

ಬೆಳಿಗ್ಗೆ ಅಂಗಳದಲ್ಲಿ ಒಣಗಿದ ಆ ಮೊದಲ ಟೋಪಿಯನ್ನು ಹನಿಪಾ ನನ್ನ ಮುಂದೆ ಇಟ್ಟಳು. ಕಸೂತಿಯ ಬಿಳಿ ಬಾದಾಮಿಗಳೆಲ್ಲ ನೀಲಿಯಾಗಿದ್ದವು. ನನ್ನ ಫೌಂಟನ್ ಪೆನ್ನಿನ ಶಾಯಿ ಗಂಜಿಯಲ್ಲಿ ಕರಗಿ ಹೊರಗೆ ಬಂದಿತ್ತು. ಈ ಊರಿನಲ್ಲಿ ಈಗ ನೀಲಿಯ ಮೇಲೂ ಗುಮಾನಿ, ನಿಷೇಧಿತ ಬಾವುಟದ ಬಣ್ಣವಂತೆ. ಬಾಗಿಲಿಗೆ ನೀಲಿ ಬಳಿದವರನ್ನು ಕರೆದು ಯಾವ ನೀಲಿ, ಯಾಕೆ ನೀಲಿ ಎಂದು ವಿಚಾರಿಸಿದ್ದಾರೆ. ಆಕಾಶವನ್ನು ಇನ್ನೂ ವಿಚಾರಿಸಿಲ್ಲ. ಟೋಪಿಯನ್ನು ತಂದೂರಿಗೆ ಹಾಕಿದಳು.

"ತಪ್ಪು ನನ್ನದೇ" ಎಂದಳು. "ಶಾಯಿ ಅಂತ ನೆನಪಾಗ್ಲಿಲ್ಲ. ಹಳೇ ಪೇಪರ್ ತುಂಬಿ ತುಂಬಿ ಅಭ್ಯಾಸ."

"ಕತ್ತರಿಸಿದ್ದು ತಪ್ಪಲ್ವೋ?"

"ಅಲ್ಲ."

ನಾನು ಮತ್ತೆ ಬಾಯಿ ತೆಗೆಯುವಷ್ಟರಲ್ಲಿ ಕೇಳಿದಳು: "ಆ ಐದೂ ನೋಟ್‌ಬುಕ್ಕಲ್ಲಿರೋ ಹೆಂಗಸರಲ್ಲಿ ಬದುಕಿರೋರು ಎಷ್ಟು ಜನ ರೀ?"

ಎಣಿಸಿದೆ. ಹತ್ತೊಂಬತ್ತು.

"ಯಾಕುಪ್ ಅವರ ಪಟ್ಟಿ ಬೇಕು ಅಂದಾಗ ನೀವು ಇನ್ನೊಂದು ತುಂಡು ರೊಟ್ಟಿ ಕೊಟ್ರಿ."

ನನ್ನ ಕಿವಿ ಬಿಸಿಯಾಯಿತು. ಹಳ್ಳಿಹಳ್ಳಿಗೆ ಹೋಗಿ, ಅವರ ಜಗುಲಿಯಲ್ಲಿ ಕೂತು, ಅವರ ಜರ್ದಾಳು ತಿಂದು, ಮನೆಯ ಗುರುತು ಸಮೇತ ಬರೆದುಕೊಂಡಿದ್ದೇನೆ. ಪೊಲೀಸರು ಹತ್ತು ವರ್ಷ ತಿರುಗಿದರೂ ಇಷ್ಟು ಅಚ್ಚುಕಟ್ಟಾದ ಪಟ್ಟಿ ಮಾಡಲಾರರು. ವಿದ್ವತ್ತು ಎಂದುಕೊಂಡು ಬತ್ತಿ ಇಟ್ಟವನು ನಾನು.

ಹನಿಪಾ ತನ್ನ ಪೆಟ್ಟಿಗೆಯಿಂದ ಬಟ್ಟೆಯ ಮೇಲೆ ಗುರುತು ಹಾಕುವ ಪೆನ್ಸಿಲ್ ತೆಗೆದು ನನ್ನ ಕೈಗಿಟ್ಟಳು. "ಇದು ನೀರಿಗೆ ಕರಗಲ್ಲ."

ಮಾರ್ಚ್ 22, ಬುಧವಾರ

ಇವತ್ತಿನ ಸಿಟ್ಟಿಗೆ ಪೆನ್ಸಿಲ್ ಮೊನೆ ಎರಡು ಸಲ ಮುರಿಯಿತು.

ಸಂಸ್ಕೃತಿ ಕಚೇರಿಯ ಅಧಿಕಾರಿಣಿ, ದುಂಡು ಕನ್ನಡಕದವರು, ಟೋಪಿ ನೋಡಲು ಬಂದಿದ್ದರು. ಜೊತೆಗೆ ಒಂದು ಹೊಳೆಯುವ ಪುಸ್ತಕ ತಂದಿದ್ದರು: ಅಂಗೀಕೃತ ಮಾದರಿಗಳ ಸಂಗ್ರಹ. ಇನ್ನು ಮುಂದೆ ಇದರಲ್ಲಿ ಇರುವುದನ್ನಷ್ಟೇ ಹೊಲಿಯಬೇಕು. ಅರ್ಧಚಂದ್ರ ಇಲ್ಲ, ಅದರ ಜಾಗದಲ್ಲಿ ಚೀನೀಯರ ಪಿಯೋನಿ ಹೂ. ಅರವತ್ತು ಮಾದರಿ. ಐವತ್ತೊಂದು ನನ್ನ ನೋಟ್‌ಬುಕ್ಕಿನಲ್ಲಿರುವವೇ. ಎಲ್ಲದರ ಕೆಳಗೂ ಒಂದೇ ಸಾಲು: ವಿನ್ಯಾಸ, ಕಚೇರಿಯ ಕಲಾ ವಿಭಾಗ. ಅತ್ತೆಯ ಹುಬ್ಬಿಗೆ 'ಸೌಹಾರ್ದ ರೇಖೆ' ಎಂದು ಹೆಸರು. ಈ ಜಗತ್ತಿನಲ್ಲಿ ಅತ್ತೆಯ ಹುಬ್ಬಿನಲ್ಲಿ ಸೌಹಾರ್ದ ಕಂಡ ಮೊದಲ ಇಲಾಖೆ ಇದು.

ಮುಖಪುಟಕ್ಕೆ ಏಳು ಬೀಜದ ಬಾದಾಮಿ. ಬಾದಾಮಿಯ ಹೊಟ್ಟೆಯಲ್ಲಿ ಎಲ್ಲ ಕಡೆ ಐದು ಚುಕ್ಕಿ ಇರುತ್ತದೆ, ನಮ್ಮ ಓಣಿಯಲ್ಲಿ ಮಾತ್ರ ಏಳು.

"ಇದು ನಮ್ಮ ವಿಭಾಗದ ಹೆಮ್ಮೆಯ ಸೃಷ್ಟಿ" ಎಂದರು ಅಧಿಕಾರಿಣಿ. "ನೀವು ಇಷ್ಟು ಬೇಗ ಕಲಿತಿದ್ದು ಸಂತೋಷ."

ಹನಿಪಾ ಸೂಜಿಗೆ ದಾರ ಪೋಣಿಸುತ್ತ, "ಕಲಿಯೋಕೆ ಸ್ವಲ್ಪ ಕಷ್ಟ ಆಯ್ತು ಮೇಡಂ" ಎಂದಳು.

ಮುಖ ಮಾತ್ರ ಮಸೀದಿಯ ಗೋಡೆಯಂತಿತ್ತು.

ಅವರು ಹೋದ ಮೇಲೆ ಅಂಗಳದಲ್ಲಿ ಹತ್ತು ಸುತ್ತು ಹಾಕಿದೆ. ಮನೆಗೆ ಕನ್ನ ಹಾಕಿದವನು ಕೂಡ ಮನೆ ತಾನೇ ಕಟ್ಟಿಸಿದೆ ಎಂದು ಹೇಳಿಕೊಳ್ಳುವುದಿಲ್ಲ. ಕದಿಯುವುದು, ಆಮೇಲೆ ಅಂಗೀಕರಿಸುವುದು, ಆಮೇಲೆ ನಮಗೇ ಕಲಿಸುವುದು. ಬೂವಿ ಅಜ್ಜಿ ಯಾವ ವಿಭಾಗದಲ್ಲಿ ಕೆಲಸ ಮಾಡುತ್ತಿದ್ದಳು? ಅವಳಿಗೆ ಕಣ್ಣೂ ಇರಲಿಲ್ಲ, ಕುರ್ಚಿಯೂ ಇರಲಿಲ್ಲ.

ಹೆಸರು ಹೊರಗಿದ್ದರೆ ಅಪಾಯ, ಅಳಿಸಿದರೆ ಅನ್ಯಾಯ. ಹಾಗಾದರೆ ಟೋಪಿಯ ಒಳಗಿರಲಿ. ಹನಿಪಾ ಒಪ್ಪಿದಳು. ಸಣ್ಣ ಪಟ್ಟಿಯ ಮೇಲೆ ಎರಡೆರಡು ಸಾಲು, ಪೆನ್ಸಿಲ್ಲಿನಲ್ಲಿ. ಮಾದರಿ, ಎಣಿಕೆ, ಹೇಳಿದವಳು. ಮೊದಲ ನೋಟ್‌ಬುಕ್ಕು ಹೋಯಿತು, ಅದು ನನ್ನ ತಲೆಯಲ್ಲಿದೆ. ತಲೆ ದೊಡ್ಡದಾಗಿದ್ದಕ್ಕೆ ಇವತ್ತಾದರೂ ಉಪಯೋಗ.

ಏಪ್ರಿಲ್ 2, ಭಾನುವಾರ

ಒಂಬತ್ತು ಟೋಪಿ ತುಂಬಿದವು. ಮಧ್ಯಾಹ್ನದ ಬೆಳಕಿನಲ್ಲಿ ದ್ರಾಕ್ಷಿ ಚಪ್ಪರದ ಕೆಳಗೆ ನಾನು ಬರೆಯುತ್ತೇನೆ, ಅವಳು ಹೊಸೆಯುತ್ತಾಳೆ. ಯಾರಾದರೂ ಬಾಗಿಲು ಬಡಿದರೆ ನಾನೂ ಹೊಸೆಯುತ್ತೇನೆ. ಬೆರಳು ಸವೆದು ಮೂಟೆ ಹೊತ್ತ ಕತ್ತೆಯ ಬೆನ್ನಿನಂತಾಗಿದೆ.

ಬರೆಯುತ್ತ ಹೋದಂತೆ ನನ್ನ ಟಿಪ್ಪಣಿಗಳಿಗೆ ಜಾಗ ಸಾಲದು ಎಂದು ತಿಳಿಯಿತು. ಗುಬ್ಬಿಯ ನಾಲಿಗೆಗೆ ಎಣಿಕೆ ಮೂರು ಪಟ್ಟಿ, ಅದರ ಮೇಲಿನ ನನ್ನ ವಿಚಾರ ನಲವತ್ತು ಪಟ್ಟಿ. ಬಿಟ್ಟೆ. ಓದಿ ನೋಡಿದರೆ ಅಂಥ ನಷ್ಟವೇನೂ ಇಲ್ಲ.

ಏಳು ಬೀಜದ ಬಾದಾಮಿಯ ಟಿಪ್ಪಣಿಯನ್ನು ಮಾತ್ರ ಹನಿಪಾಗೆ ಗಟ್ಟಿಯಾಗಿ ಓದಿದೆ. ನನಗೆ ಬಹಳ ಇಷ್ಟವಾದದ್ದು. "ಮೂಲ ತಿಳಿಯದು. ಬಹುಶಃ ಖೋತನ್ ಪ್ರಾಂತದ್ದು, ಇನ್ನೂರು ವರ್ಷಕ್ಕೂ ಹಳೆಯದು. ಏಳು ಬೀಜಗಳು ಏಳು ಆಕಾಶಗಳನ್ನು ಸೂಚಿಸುತ್ತಿರಬಹುದು." ಇದಕ್ಕಾಗಿ ಎರಡು ಬೇಸಿಗೆ ಖೋತನ್‌ನಲ್ಲಿ ಅಲೆದಿದ್ದೆ.

"ಏಳು ಆಕಾಶ" ಎಂದಳು.

"ಹೌದು. ಯಾಕೆ?"

"ಏನಿಲ್ಲ." ದಬ್ಬಣ ಕೆಳಗಿಟ್ಟು, ತಲೆವಸ್ತ್ರದ ಅಂಚು ಬಾಯಿಗೆ ಒತ್ತಿಕೊಂಡು ಒಳಗೆ ಹೋದಳು. ಪಾತ್ರೆ ತೊಳೆಯುವ ಸದ್ದು ಬಹಳ ಹೊತ್ತು ಕೇಳಿತು. ಅಷ್ಟು ಹೊತ್ತು ತೊಳೆಯುವಷ್ಟು ಪಾತ್ರೆ ನಮ್ಮ ಮನೆಯಲ್ಲಿಲ್ಲ.

'ಮೂಲ ತಿಳಿಯದು' ಎಂದಷ್ಟೇ ಪಟ್ಟಿಯ ಮೇಲೆ ಬರೆದೆ.

ಏಪ್ರಿಲ್ 12

ಇಪ್ಪತ್ತೆಂಟು ಟೋಪಿ. ಪೆನ್ಸಿಲ್ ಅರ್ಧ ಬೆರಳಿನಷ್ಟು ಉಳಿದಿದೆ. ಪಕ್ಕದ ಮನೆಯ ನಾನ್ ಸುಡುವವನನ್ನು ಮುಳ್ಳುತಂತಿಯ ಶಿಬಿರಕ್ಕೆ 'ಓದಲು' ಕರೆದುಕೊಂಡು ಹೋದರು. ಅವನಿಗೆ ಅರವತ್ತೆಂಟು ವರ್ಷ. ರೊಟ್ಟಿ ಬಿಟ್ಟು ಬೇರೇನನ್ನೂ ಓದಿದವನಲ್ಲ. ಅವನ ತಂದೂರು ತಣ್ಣಗಿದೆ, ಓಣಿಯಲ್ಲಿ ಬೆಳಗಿನ ವಾಸನೆಯೇ ಇಲ್ಲ.

ಏಪ್ರಿಲ್ 20, ಗುರುವಾರ

ಒಪ್ಪಿಸಿದೆ.

ಹೆಂಗಸರ ಹೆಸರಿದ್ದ ಹಾಳೆಗಳನ್ನೆಲ್ಲ ನಿನ್ನೆ ನೂಡಲ್ಸ್ ಬೇಯಿಸುವ ಒಲೆಗೆ ಹಾಕಿದೆವು. ಆದರೆ ಪಟ್ಟಿಯಲ್ಲಿ ಐದು ನೋಟ್‌ಬುಕ್ಕು ಎಂದಿದೆ, ಐದು ಕೊಡಲೇಬೇಕು. ನನ್ನ ಟಿಪ್ಪಣಿಗಳು ಉಳಿದಿದ್ದವಲ್ಲ, ಏಳು ಆಕಾಶ, ಎಂಟು ದಿಕ್ಕು, ಮುನ್ನುಡಿ, ಮುನ್ನುಡಿಗೊಂದು ಮುನ್ನುಡಿ. ಅವನ್ನೇ ಐದು ರಟ್ಟಿನೊಳಗೆ ಹೊಲಿದೆವು. ಹೊಲಿಗೆ ಹಾಕಿದವಳು ಅವಳು, ಆದ್ದರಿಂದ ನೋಡಲು ಚೆನ್ನಾಗಿತ್ತು.

ಸಮಿತಿಯ ಕೋಣೆಯಲ್ಲಿ ಪುಸ್ತಕಗಳ ಗುಡ್ಡೆ. ನಾನೇ ಕಲಿಸಿದ ಪಠ್ಯಪುಸ್ತಕಗಳು ಬೆನ್ನು ಮುರಿದು ಬಿದ್ದಿದ್ದವು. ಯಾಕುಪ್ ಹಾಳೆ ತಿರುವಿದ. ಮತ್ತೆ ತಿರುವಿದ.

"ಹೆಸರುಗಳೆಲ್ಲಿ ಮೇಷ್ಟ್ರೇ?"

"ಇದೆಯಲ್ಲ, ಐದರಲ್ಲೂ. ಮೊದಲ ಪುಟ ನೋಡು."

"ಇದು ನಿಮ್ಮ ಹೆಸರು."

"ಬರೆದವನ ಹೆಸರು ಬಿಟ್ಟು ಇನ್ಯಾರದ್ದು ಇರುತ್ತೆ?"

"ಮೊನ್ನೆ ನಾನೇ ನೋಡಿದ್ದೆ. ಬೂವಿ ಅಂತ ಒಬ್ರು ಇದ್ರು, ಇನ್ನೂ ಯಾರ್ಯಾರೋ." ಧ್ವನಿ ತಗ್ಗಿಸಿದ. "ಮೇಷ್ಟ್ರೇ, ಹೆಸರು ಕೊಟ್ರೆ ನಿಮ್ಮನ್ನ ಇದರಿಂದ ಬಿಡಿಸಬಹುದು. ಇಲ್ಲಾಂದ್ರೆ ಎಲ್ಲ ನಿಮ್ಮ ಮೇಲೇ ಬರುತ್ತೆ."

"ಅವೆಲ್ಲ ನಾನೇ ಹುಟ್ಟಿಸಿದ್ದು ಯಾಕುಪ್. ಹಳ್ಳಿ, ಹೆಂಗಸರು, ಮಾದರಿ, ಎಲ್ಲ. ನನ್ನ ಪ್ರಬಂಧದಲ್ಲಿ ಕಲ್ಪನೆ ಜಾಸ್ತಿ. ನಿನ್ನ ಪ್ರಬಂಧದಲ್ಲಿ ಅದೇ ಕಡಿಮೆ ಇತ್ತು ಅಂತ ಫೇಲ್ ಮಾಡಿದ್ದೆ."

ಅವನು ನಗಲಿಲ್ಲ. ನನ್ನ ಗುರುತಿನ ಚೀಟಿಯ ಅಂಕಿ ಬರೆದುಕೊಂಡ. ರಸೀದಿ ಕೊಡುವ ಪದ್ಧತಿ ಇಲ್ಲವಂತೆ. ನಾನೂ ಕೇಳಲು ಮರೆತೆ.

ಮೇ 1, ಸೋಮವಾರ

ಉತ್ಸವ ನಮ್ಮ ಶಾಲೆಯ ಮೈದಾನದಲ್ಲೇ ಆಯಿತು. ನಾನು ಕಿವಿಯ ಮೇಲೆ ಶಿರಸ್ತ್ರಾಣ ಕೂರಿಸಿಕೊಂಡು ಗೇಟಿನಲ್ಲಿ ನಿಂತಿದ್ದೆ. ಮೂವತ್ತಾರು ಜನ ಕುಣಿದರು. ನಗಬೇಕೆಂದು ಹೇಳಿದ್ದರು, ನಕ್ಕರು. ನಾಲ್ಕು ಟೋಪಿ ವೇದಿಕೆಯ ಮೇಲಿನ ಗಣ್ಯರಿಗೆ. ಒಂದೊಂದು ತಲೆ ತಿರುಗಿದಾಗಲೂ ಒಳಗಿರುವುದು ನನಗೆ ಕಾಣುತ್ತಿತ್ತು: ಮೂರನೇ ಸಾಲಿನವನು ಬೂವಿ ಅಜ್ಜಿ, ಡೋಲು ಬಾರಿಸುವವನು ಕತ್ತೆ ತುಳಿದ ಹಾದಿ. ಅಂಚಿನಲ್ಲಿ ಕುಣಿಯುತ್ತಿದ್ದವನು ಮರಲ್‌ಬೇಶಿಯ ಮಾದರಿ ಹೇಳಿದ ಮೂವರು ಅಕ್ಕತಂಗಿಯರು. ಒಂದೇ ತಲೆಯಲ್ಲಿ ಅವರು ಎಂದಿನಂತೆ ಜಗಳವಾಡುತ್ತಿರಬೇಕು.

ಅಧಿಕಾರಿಣಿ ಟೋಪಿ ಸರಿಪಡಿಸಿಕೊಂಡು ಭಾಷಣ ಮಾಡಿದರು. "ಈ ಜನರ ಪರಂಪರೆಯನ್ನು ಉಳಿಸುವ ಹೊಣೆ ನಮ್ಮ ತಲೆಯ ಮೇಲಿದೆ."

ಅವರು ಜೀವಮಾನದಲ್ಲಿ ಆಡಿದ ಒಂದೇ ನಿಜ, ಅದೂ ಅವರಿಗೆ ಗೊತ್ತಿಲ್ಲದೆ. ನಗು ಬರಬೇಕಿತ್ತು. ಬರಲಿಲ್ಲ. ನಮ್ಮ ತಾಯಂದಿರ ಹೆಸರು ಉಳಿಯಬೇಕಾದರೆ ಇವರ ತಲೆಯಲ್ಲಿ ಅಡಗಿಕೊಳ್ಳಬೇಕೇ? ದೊಣ್ಣೆಯನ್ನು ಎರಡೂ ಕೈಯಿಂದ ಎದೆಗೆ ಅವುಚಿಕೊಂಡೆ. ಪಕ್ಕದ ಕಾವಲಿನವನು ಚಳಿಯೇ ಮೇಷ್ಟ್ರೇ ಎಂದು ಕೇಳಿದ. ಹೌದು ಎಂದೆ. ಮೈದಾನದಲ್ಲಿ ಬಿಸಿಲು ಸುಡುತ್ತಿತ್ತು.

ಮೇ 4, ಗುರುವಾರ

ಬೆಳಿಗ್ಗೆ ಯಾಕುಪ್ ಬಾಗಿಲಲ್ಲೇ ನಿಂತು ಹೇಳಿದ. "ಮಧ್ಯಾಹ್ನ ವ್ಯಾನ್ ಬರುತ್ತೆ. ಒಂದು ಜೊತೆ ಬಟ್ಟೆ ಸಾಕು. ಹದಿನೈದು ದಿನದ ಓದು, ಅಷ್ಟೇ."

"ನಾನ್ ಸುಡೋನಿಗೂ ಹದಿನೈದು ದಿನ ಅಂದಿದ್ದೆಯಲ್ಲೋ."

ಹೊರಟವನು ತಿರುಗಿ ಹೇಳಿದ: "ಟೋಪಿ ಹಾಕ್ಕೊಂಡು ಬರಬೇಡಿ ಮೇಷ್ಟ್ರೇ. ಅಲ್ಲಿ ಕಿತ್ಕೊಳ್ತಾರೆ."

ಹನಿಪಾ ಪೆಟ್ಟಿಗೆಯಿಂದ ನನ್ನ ಮದುವೆಯ ಟೋಪಿ ತೆಗೆದಳು. ಅಂಚು ಬಿಚ್ಚಿ ಹಳೆಯ ಬತ್ತಿಗಳನ್ನು ಎಳೆದಳು; 1985ರ ಪತ್ರಿಕೆ, ಹತ್ತಿ ಬೆಳೆ ಚೆನ್ನಾಗಿದೆ ಎಂಬ ಸುದ್ದಿ. ಆ ಜಾಗಕ್ಕೆ ಈ ಡೈರಿ ಹೋಗಬೇಕು, ಟೋಪಿ ಅವಳ ಹತ್ತಿರವೇ ಉಳಿಯುತ್ತದೆ. ಇದು ಪೆನ್ಸಿಲ್ಲಿಗೆ ತಿರುಗಿದ್ದು ಯಾವಾಗ ಎಂದು ನೋಡಿದೆ, ಮಾರ್ಚ್ ಹದಿನಾಲ್ಕು. ಮುಂಚಿನ ಶಾಯಿಯ ಹಾಳೆಗಳನ್ನು ಈಗಷ್ಟೇ ಪೆನ್ಸಿಲ್ಲಿನಲ್ಲಿ ನಕಲು ಮಾಡಿ ಮುಗಿಸಿದೆ.

"ನಲವತ್ತು ಟೋಪಿಯಲ್ಲಿ ನಿಮ್ಮ ಹೆಸರು ಎಲ್ಲಿದೆ?" ಎಂದು ಕೇಳಿದಳು.

ಯೋಚಿಸಿದೆ. ಎಲ್ಲೂ ಹಾಕಿಲ್ಲ. ನೆನಪೇ ಆಗಿರಲಿಲ್ಲ.

ಆಗಲೇ ಟೋಪಿಯ ಮೇಲೆ ಕಣ್ಣು ಬಿತ್ತು. ಬಾದಾಮಿಗಳ ಹೊಟ್ಟೆಯ ಚುಕ್ಕಿ ಎಣಿಸಿದೆ. ಇನ್ನೊಂದು ಸಲ ಎಣಿಸಿದೆ.

"ಇದು ಏಳು."

"ಅಂತೂ ಎಣಿಸಿದ್ರಿ."

"1985ರಲ್ಲೇ ಈ ಓಣಿಯಲ್ಲಿ ಏಳು ಇತ್ತಾ?"

"ಇರಲಿಲ್ಲ. ನಿಮ್ಮಮ್ಮ ತಲೆಯ ಅಳತೆ ದಾರ ಕಳಿಸಿದ್ರು. ಯಾವುದೋ ಕುದುರೆ ಕಟ್ಟೋ ದಾರ ತಪ್ಪಿ ಬಂದಿದೆ ಅಂತ ನಾವೆಲ್ಲ ನಕ್ವಿ. ಟೋಪಿ ದೊಡ್ಡದು ಮಾಡಿದೆ, ಬಾದಾಮಿ ಹಿಗ್ಗಿಸಿದೆ, ಹೊಟ್ಟೆ ಖಾಲಿ ಕಾಣ್ತಿತ್ತು. ಎರಡು ಬೀಜ ಜಾಸ್ತಿ ಹಾಕಿದೆ. ಮದುವೇಲಿ ನೋಡಿದ ಓಣಿಯ ಹುಡುಗೀರೆಲ್ಲ ಹಾಗೇ ಶುರು ಮಾಡಿದ್ರು."

"ಮೂವತ್ತೊಂದು ವರ್ಷ ಯಾಕೆ ಹೇಳಲಿಲ್ಲ?"

"ಊರೂರ ಹೆಂಗಸರನ್ನ ಕೇಳಿದ್ರಿ. ನನ್ನ ಕೇಳಿದ್ರಾ?"

ಕೇಳಿರಲಿಲ್ಲ. ಎರಡು ಬೇಸಿಗೆ ಖೋತನ್ ಮರಳಲ್ಲಿ ಹುಡುಕಿದೆ. ಏಳು ಆಕಾಶ ಹತ್ತಿ ಇಳಿದೆ. ಅದನ್ನು ನನ್ನ ನೆತ್ತಿಯ ಮೇಲಿಟ್ಟವಳು ಎದುರಿಗೇ ಕೂತು ಚಹಾ ಬಗ್ಗಿಸುತ್ತಿದ್ದಳು. ಕಚೇರಿ ಅವಳ ಹೆಸರು ಕದ್ದದ್ದು ಮೊನ್ನೆ. ನಾನು ಮೂವತ್ತೊಂದು ವರ್ಷದಿಂದ, ಅಂದವಾದ ಕೈಬರಹದಲ್ಲಿ.

ವ್ಯಾನಿನ ಸದ್ದು ಓಣಿಯ ತುದಿಯಲ್ಲಿ ಕೇಳುತ್ತಿದೆ. ಅವಳು ಕತ್ತರಿ ಹಿಡಿದು ಕೈ ಚಾಚಿದ್ದಾಳೆ. ಇನ್ನೊಂದು ಪಟ್ಟಿಗಾಗುವಷ್ಟು ಪೆನ್ಸಿಲ್ ಇದೆ.

ತಿದ್ದುಪಡಿ. ಏಳು ಬೀಜದ ಬಾದಾಮಿ. ಎಣಿಕೆ: ನಡುವೆ ಒಂದು, ಸುತ್ತ ಆರು. ಮೂಲ: ಹನಿಪಾ, ಟೋಪಿಗಾರರ ಓಣಿ, ಕಾಶ್ಗರ್, 1985. ಕಾರಣ: ಗಂಡನ ದೊಡ್ಡ ತಲೆ.